ಟೋಕಿಯೋದ ಬೀದಿ ಸ್ನಾನದ ಮನೆಗಳು ಮುಚ್ಚುತ್ತಿವೆ: ಉಳಿಸಿಕೊಳ್ಳಬೇಕಾ, ಬಿಟ್ಟುಬಿಡಬೇಕಾ?

ಕಿತಾ-ಕು ಕನ್ನಡತಿ

ಜಪಾನಿನಲ್ಲಿ ಇರುವ, ಇದ್ದು ಬಂದ ಕನ್ನಡಿಗರೆಲ್ಲ ಈ ಚರ್ಚೆಗೆ ಬರಬೇಕು ಅಂತ ಕೇಳಿಕೊಳ್ಳುತ್ತೇನೆ. ನಮ್ಮ ಮನೆ ಹತ್ತಿರದ ಸೆಂತೊ ಮುಚ್ಚುತ್ತಿದೆ. ಇದು ಒಂದು ಬೀದಿಯ ಸುದ್ದಿ ಮಾತ್ರ ಅಲ್ಲ, ಅದಕ್ಕೇ ಬರೆಯುತ್ತಿದ್ದೇನೆ.

ಗೊತ್ತಿಲ್ಲದವರಿಗೆ ಮೊದಲು ಹೇಳಿಬಿಡುತ್ತೇನೆ. ಸೆಂತೊ ಅಂದರೆ ದುಡ್ಡು ಕೊಟ್ಟು ಸ್ನಾನ ಮಾಡುವ ಬೀದಿಯ ಸ್ನಾನದ ಮನೆ. ಬಿಸಿನೀರಿನ ಬುಗ್ಗೆ ಇರುವ ಒನ್ಸೆನ್ ಬೇರೆ. ಅಲ್ಲಿಗೆ ಜನ ರೈಲು ಹತ್ತಿ, ರೂಮು ಮಾಡಿ, ಪ್ರವಾಸ ಹೋಗುತ್ತಾರೆ. ಸೆಂತೊಗೆ ಚಪ್ಪಲಿ ಮೆಟ್ಟಿಕೊಂಡು, ಸೋಪು ಟವೆಲ್ ಹಿಡಿದುಕೊಂಡು ನಡೆದೇ ಹೋಗುತ್ತಾರೆ. ಬಾಗಿಲಿಗೆ ಬಟ್ಟೆಯ ಪರದೆ, ಗಂಡಸರಿಗೆ ಒಂದು ಕಡೆ, ಹೆಂಗಸರಿಗೆ ಒಂದು ಕಡೆ. ಒಳಗೆ ಸಾಲಾಗಿ ನಲ್ಲಿಗಳು, ಕೂರಲು ಪುಟ್ಟ ಸ್ಟೂಲು, ಆಮೇಲೆ ದೊಡ್ಡ ತೊಟ್ಟಿ. ಟೋಕಿಯೋದಲ್ಲಿ ನೀರು 42 ಡಿಗ್ರಿ ಅಥವಾ ಅದಕ್ಕೂ ಮೇಲೆ. ಚೆನ್ನಾಗಿ ಸುಡುತ್ತದೆ.

1968ರಲ್ಲಿ ಇಡೀ ಜಪಾನಿನಲ್ಲಿ ಸುಮಾರು 18,000 ಸೆಂತೊಗಳಿದ್ದವು. ಈಗ 2,000ಕ್ಕಿಂತ ಕಡಿಮೆ. ಟೋಕಿಯೋದಲ್ಲೇ ಆಗ 2,600ಕ್ಕೂ ಜಾಸ್ತಿ ಇದ್ದವು, ಈಗ 450ರೊಳಗೆ ಬಂದಿವೆ. ಕಾರಣ ಎಲ್ಲರಿಗೂ ಗೊತ್ತಿರುವುದೇ. 1960ರ ದಶಕದ ಆರಂಭದಲ್ಲಿ ಹತ್ತು ಮನೆಗಳಲ್ಲಿ ಸುಮಾರು ಆರರಲ್ಲಿ ಮಾತ್ರ ಬಚ್ಚಲು ಇತ್ತು. ಹಳ್ಳಿಗಳಿಂದ ಕೆಲಸಕ್ಕೆ ಬಂದವರು ಮರದ ವಠಾರಗಳಲ್ಲಿ, ಒಂದೇ ಕೋಣೆಯಲ್ಲಿ ಇರುತ್ತಿದ್ದರು. ಅವರಿಗೆ ಸೆಂತೊ ಬಿಟ್ಟರೆ ಬೇರೆ ದಾರಿ ಇರಲಿಲ್ಲ. ಈಗ ಹೆಚ್ಚು ಕಡಿಮೆ ಎಲ್ಲ ಮನೆಯಲ್ಲೂ ತೊಟ್ಟಿ ಇದೆ.

ಆದರೆ ಮನೆಯಲ್ಲಿ ಬಚ್ಚಲು ಬಂದದ್ದು ಮಾತ್ರ ಕಾರಣ ಅಂತ ನನಗೆ ಅನ್ನಿಸುವುದಿಲ್ಲ. ನಮ್ಮ ಸೆಂತೊಗೆ ಜನ ಬರುತ್ತಲೇ ಇದ್ದರು. ಮಾಲೀಕರಿಗೆ ಎಂಬತ್ತರ ಹತ್ತಿರ. ಬಾಯ್ಲರ್ ಹಳೆಯದು. ಹೊಸದು ಹಾಕಿಸುವಷ್ಟು ಸಾಲ ಈ ವಯಸ್ಸಿನಲ್ಲಿ ಮಾಡಲಾಗದು. ಮಕ್ಕಳು ಬೇರೆ ಕೆಲಸದಲ್ಲಿದ್ದಾರೆ. ಜಾಗಕ್ಕೆ ಬಿಲ್ಡರ್ ಕೊಡುವ ದುಡ್ಡು ಸ್ನಾನದಿಂದ ಯಾವತ್ತೂ ಬರುವುದಿಲ್ಲ. ಜನರ ಪ್ರೀತಿ ಕಡಿಮೆಯಾಗಿ ಅದು ಸಾಯುತ್ತಿಲ್ಲ. ಹಾಗಿದ್ದರೆ ಇದನ್ನು ಒಂದು ಕುಟುಂಬದ ವ್ಯಾಪಾರ ಅಂತ ನೋಡಬೇಕಾ, ಊರಿನ ಸೌಲಭ್ಯ ಅಂತ ನೋಡಬೇಕಾ? ನನ್ನ ಉತ್ತರ ಎರಡನೆಯದು. ನಿಮ್ಮದು ಹೇಳಿ.

ಬೆಣ್ಣೆದೋಸೆ ದಾವಣಗೆರೆ

ಮೇಡಂ, ಬೇಜಾರು ಮಾಡಿಕೊಳ್ಳಬೇಡಿ. ಎಲ್ಲರ ಮನೆಯಲ್ಲೂ ಬಚ್ಚಲು ಇದೆ ಅಂದಮೇಲೆ ಸೆಂತೊ ಹೋದರೆ ನಷ್ಟ ಯಾರಿಗೆ? ಕಾಲ ಬದಲಾಯಿತು. ಟೆಲಿಫೋನ್ ಬೂತುಗಳೂ ಹೋದವು.

ಇನ್ನೊಂದು ನೇರವಾಗಿ ಕೇಳುತ್ತೇನೆ. ನಾವು ಚೊಂಬಿನಲ್ಲಿ ಮೈಮೇಲೆ ನೀರು ಹೊಯ್ದುಕೊಳ್ಳುವವರು. ಹರಿದು ಹೋದ ನೀರು ಹೋಯಿತು. ಹತ್ತಾರು ಜನ ಕೂತೆದ್ದ ಅದೇ ನೀರಿನಲ್ಲಿ ನಾವೂ ಕೂರುವುದು ಅಂದರೆ ಮನಸ್ಸು ಒಪ್ಪುವುದಿಲ್ಲ. ಆರೋಗ್ಯದ ದೃಷ್ಟಿಯಿಂದ ಅದು ಸರಿಯಾ?

ನಿಶಿ-ಕಸಾಯಿ ನೀರುಗಂಟಿ

ಕೊನೆಯ ಪ್ರಶ್ನೆಗೆ ನಾನು ಉತ್ತರ ಕೊಡುತ್ತೇನೆ. ನನ್ನ ಕೆಲಸ ನೀರು ಶುದ್ಧೀಕರಣದ ಯಂತ್ರಗಳದ್ದು.

ಮೊದಲನೆಯದು, ಜಪಾನಿನಲ್ಲಿ ತೊಟ್ಟಿ ಇರುವುದು ತೊಳೆದುಕೊಳ್ಳಲು ಅಲ್ಲ. ಸ್ಟೂಲಿನ ಮೇಲೆ ಕೂತು, ತಲೆಯಿಂದ ಕಾಲಿನವರೆಗೆ ಸೋಪು ಹಚ್ಚಿ, ನೊರೆ ಒಂಚೂರೂ ಉಳಿಯದ ಹಾಗೆ ತೊಳೆದುಕೊಂಡ ಮೇಲೆ ತೊಟ್ಟಿಗೆ ಇಳಿಯಬೇಕು. ನೀವು ಹೇಳಿದ ಹೊಯ್ದುಕೊಳ್ಳುವ ಸ್ನಾನ ಅಲ್ಲೂ ಇದೆ, ಅದೇ ಮೊದಲು. ತೊಟ್ಟಿ ಮೈ ಕಾಯಿಸಿಕೊಳ್ಳಲು. ಟವೆಲನ್ನು ಕೂಡ ನೀರಿಗೆ ತಾಗಿಸುವಂತಿಲ್ಲ. ಕೂದಲು ಉದ್ದ ಇದ್ದರೆ ಎತ್ತಿ ಕಟ್ಟಬೇಕು.

ಎರಡನೆಯದು, ಆ ನೀರು ಸುಮ್ನೆ ನಿಂತಿರುವುದಿಲ್ಲ. ಪಂಪು ಅದನ್ನು ಎಳೆದು, ಕೂದಲು ಕಸ ಹಿಡಿದು, ಫಿಲ್ಟರ್ ದಾಟಿಸಿ, ಕ್ಲೋರಿನ್ ಸೇರಿಸಿ, ಮತ್ತೆ ಕಾಯಿಸಿ ತೊಟ್ಟಿಗೆ ಬಿಡುತ್ತದೆ. ರಾತ್ರಿ ಬಾಗಿಲು ಹಾಕಿದ ಮೇಲೆ ತೊಟ್ಟಿ, ನೆಲ, ಸ್ಟೂಲು ಎಲ್ಲ ಉಜ್ಜಬೇಕು. ಸೆಂತೊ ನಡೆಸುವವರ ಬೆನ್ನು ಮುರಿಯುವ ಕೆಲಸ ಇದೇ.

ಅಪಾಯ ಇಲ್ಲವೇ ಇಲ್ಲ ಅಂತ ಹೇಳುವುದಿಲ್ಲ. ಬೆಚ್ಚಗಿನ ನೀರು ಸುತ್ತುವ ಕಡೆ ಲೀಜಿಯೊನೆಲ್ಲಾ ಎಂಬ ಬ್ಯಾಕ್ಟೀರಿಯಾ ಬೆಳೆಯುತ್ತದೆ. ಹಬೆಯ ಜೊತೆ ಉಸಿರಾಟಕ್ಕೆ ಸೇರಿದರೆ ನ್ಯುಮೋನಿಯಾ ತರುತ್ತದೆ. 2002ರಲ್ಲಿ ಮಿಯಾಜಾಕಿ ಪ್ರಾಂತ್ಯದ ಹ್ಯೂಗಾದಲ್ಲಿ ಒಂದು ದೊಡ್ಡ ಸ್ನಾನ ಕೇಂದ್ರದಿಂದ ರೋಗ ಹರಡಿ 7 ಜನ ಸತ್ತರು. ಸಣ್ಣ ಸೆಂತೊ ಅಂತ ಯಾರಿಗೂ ಇದರಲ್ಲಿ ವಿನಾಯಿತಿ ಇಲ್ಲ, ಇರಲೂ ಬಾರದು. ಪೈಪು ಫಿಲ್ಟರ್ ಹಳತಾದಾಗ ಬದಲಿಸುವ ಖರ್ಚು ಮಾಲೀಕರ ಕೊರಳಿಗೇ ಬೀಳುತ್ತದೆ.

ಮುಚ್ಚಿದರೆ ನಷ್ಟ ಯಾರಿಗೆ ಅಂದಿರಿ. ಚಳಿಗಾಲದಲ್ಲಿ ಜಪಾನಿನ ಮನೆಗಳಲ್ಲಿ ಬಚ್ಚಲ ಪಕ್ಕದ ಕೋಣೆ ಕೊರೆಯುತ್ತಿರುತ್ತದೆ. ಅಲ್ಲಿ ಬಟ್ಟೆ ಬಿಚ್ಚಿ ಸುಡುವ ನೀರಿಗೆ ಇಳಿದರೆ ರಕ್ತದೊತ್ತಡ ಏರಿ ಇಳಿದು, ವಯಸ್ಸಾದವರಿಗೆ ತೊಟ್ಟಿಯಲ್ಲೇ ಪ್ರಜ್ಞೆ ತಪ್ಪುತ್ತದೆ. ಹೀಗೆ ಮನೆಯ ತೊಟ್ಟಿಯಲ್ಲಿ ಮುಳುಗಿ ಸಾಯುವ ಹಿರಿಯರು ರಸ್ತೆ ಅಪಘಾತದಲ್ಲಿ ಸಾಯುವ ಹಿರಿಯರಿಗಿಂತ ಜಾಸ್ತಿ. ಸರ್ಕಾರವೇ ಪ್ರತಿ ಚಳಿಗಾಲ ಈ ಎಚ್ಚರಿಕೆ ಕೊಡುತ್ತದೆ. ಒಂಟಿಯಾಗಿ ಬದುಕುವ ಅಜ್ಜಿ ಸೆಂತೊದಲ್ಲಿ ತಲೆಸುತ್ತಿ ಬಿದ್ದರೆ ಪಕ್ಕದವರು ಹಿಡಿಯುತ್ತಾರೆ. ಮನೆಯಲ್ಲಿ ಯಾರು ಹಿಡಿಯುತ್ತಾರೆ?

ಬೆಣ್ಣೆದೋಸೆ ದಾವಣಗೆರೆ

ಇದು ನನಗೆ ಗೊತ್ತಿರಲಿಲ್ಲ ಸರ್. ವಿವರವಾಗಿ ಬರೆದದ್ದಕ್ಕೆ ಧನ್ಯವಾದ. ಆದರೂ ದುಡ್ಡಿನ ಪ್ರಶ್ನೆ ಹಾಗೇ ಉಳಿಯಿತು. ಮಾಲೀಕರು ದರ ಏರಿಸಬಹುದಲ್ವಾ?

ಲೆಕ್ಕದ ಪುಸ್ತಕ

ಏರಿಸುವಂತಿಲ್ಲ. ಗಂಟು ಇರುವುದೇ ಅಲ್ಲಿ.

ಯುದ್ಧ ಮುಗಿದ ಮರುವರ್ಷ, 1946ರಲ್ಲಿ, ಜಪಾನ್ ಸರ್ಕಾರ ಬೆಲೆ ನಿಯಂತ್ರಣದ ಆದೇಶ ತಂದಿತು. ಆಗ ಎಲ್ಲದಕ್ಕೂ ಅಭಾವ. ಆಮೇಲೆ ಬೇರೆ ಸಾಮಾನುಗಳ ಮೇಲಿನ ಹಿಡಿತ ಒಂದೊಂದಾಗಿ ಹೋಯಿತು, ಸೆಂತೊ ದರದ ಮೇಲಿನದು ಮಾತ್ರ ಉಳಿಯಿತು. ಇವತ್ತಿಗೂ ಪ್ರತಿ ಪ್ರಾಂತ್ಯದ ಗವರ್ನರ್ ಗರಿಷ್ಠ ದರ ಗೊತ್ತು ಮಾಡುತ್ತಾರೆ. ಟೋಕಿಯೋದಲ್ಲಿ 2022ರಲ್ಲಿ 500 ಯೆನ್, 2023ರಲ್ಲಿ 520, 2024ರ ಆಗಸ್ಟ್‌ನಲ್ಲಿ 550 ಆಯಿತು. ಗ್ಯಾಸು, ಎಣ್ಣೆ, ಕರೆಂಟು ಇದಕ್ಕಿಂತ ಬಹಳ ಜೋರಾಗಿ ಏರಿವೆ.

1948ರ ಸಾರ್ವಜನಿಕ ಸ್ನಾನಗೃಹ ಕಾಯಿದೆಯ ಪ್ರಕಾರ ಎರಡು ಬಗೆ ಇವೆ. ದಿನನಿತ್ಯದ ಸ್ನಾನಕ್ಕೆ ಬೇಕಾದ ಸಾಮಾನ್ಯ ಸೆಂತೊಗೆ ಈ ದರದ ಕಡಿವಾಣ. ಪಾರ್ಕಿಂಗ್, ಊಟದ ಹಾಲ್, ಮಸಾಜ್ ಎಲ್ಲ ಇರುವ ದೊಡ್ಡ 'ಸೂಪರ್ ಸೆಂತೊ'ಗಳು ಇನ್ನೊಂದು ಬಗೆ, ಅವರು ಎಷ್ಟು ಬೇಕಾದರೂ ಹಾಕಬಹುದು. ಸಣ್ಣವರಿಗೆ ಒಂದು ರಕ್ಷಣೆಯೂ ಇದೆ. ಒಂದು ಸೆಂತೊದಿಂದ ಇಂತಿಷ್ಟು ದೂರದೊಳಗೆ ಇನ್ನೊಂದು ತೆರೆಯುವಂತಿಲ್ಲ. 1955ರಲ್ಲಿ ಸುಪ್ರೀಂ ಕೋರ್ಟ್ ಕೂಡ ಆ ನಿಯಮವನ್ನು ಎತ್ತಿ ಹಿಡಿಯಿತು. ಪೈಪೋಟಿ ಜಾಸ್ತಿಯಾದರೆ ಸ್ವಚ್ಛತೆ ಕೆಡುತ್ತದೆ ಎಂಬ ವಾದ. ಆದರೆ ಮನೆಯ ಬಚ್ಚಲಿನ ಪೈಪೋಟಿಯನ್ನು ಯಾವ ದೂರದ ನಿಯಮವೂ ತಡೆಯುವುದಿಲ್ಲ.

ನನ್ನ ಅಭಿಪ್ರಾಯ: ದರದ ಮಿತಿ ತೆಗೆಯಬೇಕು. 800 ಯೆನ್ ಕೊಡಲು ತಯಾರಿರುವವರು ಕೊಡಲಿ. ಮಾಲೀಕರು ಉಳಿಯಲಿ.

ಕಿತಾ-ಕು ಕನ್ನಡತಿ

ನಾನು ಒಪ್ಪುವುದಿಲ್ಲ ಸರ್. ನೀವು ಕೊಟ್ಟ ವಿವರ ಎಲ್ಲ ಸರಿ, ತೀರ್ಮಾನ ತಪ್ಪು ಅನ್ನಿಸುತ್ತದೆ. ಮಿತಿ ತೆಗೆದರೆ ಉಳಿಯುವುದು ಸೌನಾಕ್ಕೆ (ಬಿಸಿಗಾಳಿಯಲ್ಲಿ ಕೂತು ಬೆವರುವ ಕೋಣೆ) ಅಂತ ದೂರದಿಂದ ಬರುವವರ ಸೆಂತೊ. ದಿನಾ ಬರುವ ಅಜ್ಜಂದಿರಿಗೆ ತಿಂಗಳಿಗೆ ಎಷ್ಟಾಗುತ್ತದೆ ಲೆಕ್ಕ ಹಾಕಿ. ಈಗಲೂ ಮನೆಯಲ್ಲಿ ಬಚ್ಚಲು ಇಲ್ಲದ ಹಳೇ ಬಾಡಿಗೆ ಕೋಣೆಗಳು ನಮ್ಮ ವಾರ್ಡಿನಲ್ಲಿ ಇವೆ. ಅಲ್ಲಿರುವವರು ಬಡವರು. ಸರ್ಕಾರ ದರ ಹಿಡಿದಿಡುವುದಾದರೆ ಅದರ ಖರ್ಚನ್ನೂ ಸರ್ಕಾರವೇ ಹೊರಬೇಕು. ಈಗ ನೀರಿನ ಬಿಲ್ಲಿನಲ್ಲಿ, ಆಸ್ತಿ ತೆರಿಗೆಯಲ್ಲಿ ರಿಯಾಯಿತಿ ಇದೆ, ಹಿರಿಯರ ಟಿಕೆಟಿಗೆ ಕೆಲವು ವಾರ್ಡುಗಳು ದುಡ್ಡು ಕೊಡುತ್ತವೆ. 1981ರಲ್ಲಿ ಸೆಂತೊಗಳನ್ನು ಉಳಿಸಬೇಕು ಅಂತಲೇ ವಿಶೇಷ ಕಾಯಿದೆ ಆಗಿದೆ. ಆದರೆ ಬಾಯ್ಲರ್ ಕೆಟ್ಟ ದಿನ ಮಾಲೀಕರು ಒಬ್ಬಂಟಿ. ದರ ಸರ್ಕಾರದ್ದು, ನಷ್ಟ ಮನೆಯವರದ್ದು ಅಂದರೆ ನ್ಯಾಯ ಎಲ್ಲಿದೆ?

ಮಲೆನಾಡ ಅಮ್ಮ

ಕನ್ನಡತಿ ಅಕ್ಕ ಹೇಳಿದ್ದಕ್ಕೆ ನನ್ನ ಒಂದು ಮಾತು. ನಮ್ಮ ಕಡೆಯ ಹೆಂಗಸರು ಸೆಂತೊಗೆ ಹೋಗದೇ ಇರುವುದು ನೀರಿನ ಭಯಕ್ಕೆ ಅಲ್ಲ, ನಾಚಿಕೆಗೆ. ಒಳಗೆ ಒಂದು ತುಂಡು ಬಟ್ಟೆಯೂ ಇರುವುದಿಲ್ಲ. ಈಜುಡುಗೆ ನಡೆಯುವುದಿಲ್ಲ. ತೀರ್ಥಹಳ್ಳಿ ಕಡೆಯ ಮನೆಯಲ್ಲಿ ಬೆಳೆದ ನನಗೆ ಬಚ್ಚಲೊಲೆ, ತಾಮ್ರದ ಹಂಡೆ, ಸುಡುಸುಡು ನೀರು ಎಲ್ಲ ಹೊಸದಲ್ಲ. ಆದರೆ ಆ ಬಚ್ಚಲಿನ ಬಾಗಿಲು ಹಾಕಿರುತ್ತಿತ್ತು.

ನನ್ನನ್ನು ಕರೆದುಕೊಂಡು ಹೋದವರು ಪಕ್ಕದ ಮನೆಯ ಹಿರಿಯರು. ಅಲ್ಲಿ ಯಾರೂ ಯಾರನ್ನೂ ನೋಡುವುದಿಲ್ಲ, ಇದನ್ನು ಹೇಳಿದರೆ ಊರಲ್ಲಿ ನಂಬುವುದಿಲ್ಲ. ಹೆರಿಗೆಯ ಗುರುತು, ಆಪರೇಷನ್ ಆದ ಗುರುತು, ಬಾಗಿದ ಬೆನ್ನು, ಜೋತ ಹೊಟ್ಟೆ, ಎಲ್ಲ ವಯಸ್ಸಿನ ಮೈ ಅಲ್ಲಿ ಸಹಜವಾಗಿ ಓಡಾಡುತ್ತದೆ. ಟಿವಿ, ಜಾಹೀರಾತಿನಲ್ಲಿ ಕಾಣುವ ಮೈ ಒಂದೂ ಇರುವುದಿಲ್ಲ. ನನ್ನ ಮಗಳು ಇದನ್ನು ನೋಡಿಕೊಂಡು ಬೆಳೆಯಲಿ ಅಂತ ನಾನು ಬಯಸುತ್ತೇನೆ. ಇದು ನನಗೆ ಬಹಳ ಮುಖ್ಯ.

ಮಾತುಕತೆಯೂ ಅಲ್ಲೇ. ಯಾವ ಡಾಕ್ಟರು ಒಳ್ಳೆಯವರು, ಯಾವ ಅಂಗಡಿಯಲ್ಲಿ ಸೊಪ್ಪು ಚೆನ್ನಾಗಿದೆ, ಎದುರು ಮನೆಯ ಅಜ್ಜ ಎರಡು ದಿನದಿಂದ ಯಾಕೆ ಕಂಡಿಲ್ಲ, ಎಲ್ಲ ಅಲ್ಲಿ ಗೊತ್ತಾಗುತ್ತದೆ. ಮೇ 5ರಂದು ಮಕ್ಕಳ ಹಬ್ಬಕ್ಕೆ ತೊಟ್ಟಿಯಲ್ಲಿ ಶೋಬು ಎಂಬ ಗಿಡದ ಉದ್ದ ಎಲೆಗಳನ್ನು ತೇಲಿ ಬಿಡುತ್ತಾರೆ. ಡಿಸೆಂಬರಿನಲ್ಲಿ ಹಗಲು ತೀರಾ ಚಿಕ್ಕದಿರುವ ದಿನ ಯುಜು ಹಣ್ಣು ಹಾಕುತ್ತಾರೆ, ನಮ್ಮ ಹೇರಳೆಕಾಯಿ ಜಾತಿಯ ಹಣ್ಣು. ನೀರೆಲ್ಲ ಘಮ್ಮೆನ್ನುತ್ತದೆ. ನನಗೆ ನೀರು ತುಂಬುವ ಹಬ್ಬದ ಮಾರನೆಯ ಬೆಳಗಿನ ಎಣ್ಣೆಸ್ನಾನ ನೆನಪಾಗುತ್ತದೆ.

ಅಪ್ಪ ಅಮ್ಮಂದಿರು ಗಮನಿಸಿ: ಹೆಣ್ಣುಮಕ್ಕಳನ್ನು ಗಂಡಸರ ಕಡೆ, ಗಂಡುಮಕ್ಕಳನ್ನು ಹೆಂಗಸರ ಕಡೆ ಕರೆದುಕೊಂಡು ಹೋಗುವ ವಯಸ್ಸಿನ ಮಿತಿ ಟೋಕಿಯೋದಲ್ಲಿ 2022ರಿಂದ ಇಳಿದಿದೆ. 7 ತುಂಬಿದ ಮಗು ತನ್ನ ಕಡೆಗೇ ಹೋಗಬೇಕು.

ಹಳೇ ಪುಟ

ಈ ಸ್ನಾನದ ಮನೆಗೆ ಭಾರತದ ನಂಟು ಇದೆ. ಅದನ್ನು ಯಾರೂ ಹೇಳಲಿಲ್ಲ ಅಂತ ಬರೆಯುತ್ತಿದ್ದೇನೆ.

ಪಾಲಿ ವಿನಯದಲ್ಲಿ, ಅಂದರೆ ಬೌದ್ಧ ಭಿಕ್ಷುಗಳ ನಿಯಮಗಳ ಗ್ರಂಥದಲ್ಲಿ, ಒಂದು ಪ್ರಸಂಗ ಬರುತ್ತದೆ. ವೈದ್ಯ ಜೀವಕ ಬುದ್ಧನ ಹತ್ತಿರ ಬಂದು, ಭಿಕ್ಷುಗಳು ಒಳ್ಳೆಯ ಊಟ ಉಂಡು ಮೈಯಲ್ಲಿ ರೋಗ ತುಂಬಿಕೊಂಡಿದ್ದಾರೆ, ಅವರಿಗೆ ಅಡ್ಡಾಡುವ ದಾರಿ ಮತ್ತು ಬಿಸಿಸ್ನಾನದ ಮನೆ ಬೇಕು ಅಂತ ಕೇಳುತ್ತಾನೆ. ಬುದ್ಧ ಒಪ್ಪುತ್ತಾನೆ. ಆ ಮನೆಯನ್ನು ಜಂತಾಘರ ಅನ್ನುತ್ತಿದ್ದರು. ಒಲೆ, ಹೊಗೆ ಹೋಗುವ ದಾರಿ, ನೀರು ಹರಿಯುವ ಮೋರಿ, ಎಲ್ಲದಕ್ಕೂ ಅಲ್ಲಿ ನಿಯಮ ಇದೆ. ಇದೇ ಜೀವಕ ಬುದ್ಧನನ್ನೂ ಭಿಕ್ಷುಗಳನ್ನೂ ಸ್ನಾನಕ್ಕೆ ಕರೆಯುವ ಕಥೆಯ ಒಂದು ಸೂತ್ರ ಚೀನೀ ಭಾಷೆಯಲ್ಲಿ ಜಪಾನಿಗೆ ಹೋಯಿತು. ಸಂಘಕ್ಕೆ ಸ್ನಾನ ಮಾಡಿಸಿದರೆ ಪುಣ್ಯ ಎಂಬ ನಂಬಿಕೆ ಅಲ್ಲಿ ಬೇರುಬಿಟ್ಟಿತು. ಹಳೆಯ ರಾಜಧಾನಿ ನಾರಾದ ದೊಡ್ಡ ದೇಗುಲಗಳು ತಮ್ಮ ಸ್ನಾನದ ಮನೆಗಳನ್ನು ಬಡವರಿಗೂ ರೋಗಿಗಳಿಗೂ ಪುಕ್ಕಟೆ ತೆರೆದವು. 8ನೇ ಶತಮಾನದ ರಾಣಿ ಕೋಮ್ಯೋ ಸಾವಿರ ಜನಕ್ಕೆ ತನ್ನ ಕೈಯಾರೆ ಸ್ನಾನ ಮಾಡಿಸುವ ಹರಕೆ ಹೊತ್ತಳು, ಸಾವಿರದವನು ಕುಷ್ಠರೋಗಿಯ ರೂಪದಲ್ಲಿ ಬಂದ ಬುದ್ಧ ಎಂದು ಐತಿಹ್ಯ ಹೇಳುತ್ತದೆ. ನಾರಾದ ಹೊಕ್ಕೆ-ಜಿ ದೇಗುಲದಲ್ಲಿ ಈ ನೆನಪಿನ ಹಬೆಸ್ನಾನದ ಕಟ್ಟಡ ಇವತ್ತೂ ಇದೆ.

ದುಡ್ಡು ಕೊಟ್ಟು ಸ್ನಾನ ಮಾಡುವುದು ಊರುಗಳು ಬೆಳೆದ ಮೇಲೆ ಜೋರಾಯಿತು. ಎದೊದಲ್ಲಿ, ಅಂದರೆ ಈಗಿನ ಟೋಕಿಯೋದಲ್ಲಿ, ಮೊದಲ ಸೆಂತೊ 1591ರಲ್ಲಿ ಇಸೆ ಯೋಯಿಚಿ ಎಂಬವನು ಜೆನಿಗಾಮೆ ಸೇತುವೆಯ ಹತ್ತಿರ ತೆರೆದ ಎಂದು ಹೇಳುತ್ತಾರೆ. ಮರದ ಮನೆಗಳ ಊರು, ಬೆಂಕಿ ಬಿದ್ದರೆ ಬೀದಿಗೆ ಬೀದಿಯೇ ಭಸ್ಮ. ಸೌದೆಯೂ ದುಬಾರಿ. ಹಾಗಾಗಿ ಸಿರಿವಂತ ವ್ಯಾಪಾರಿಗಳೂ ಬೀದಿಯ ಸೆಂತೊಗೇ ಹೋಗುತ್ತಿದ್ದರು. ಬಹಳ ಕಡೆ ಗಂಡಸರು ಹೆಂಗಸರು ಒಟ್ಟಿಗೆ ಮೀಯುತ್ತಿದ್ದರು. 1791ರಲ್ಲಿ ಶೋಗುನ್ (ಆಗ ದೇಶ ಆಳುತ್ತಿದ್ದ ಸೇನಾಧಿಪತಿ) ಸರ್ಕಾರ ಇದನ್ನು ನಿಷೇಧಿಸಿತು, ಪೂರ್ತಿ ನಿಲ್ಲಲಿಲ್ಲ. 1854ರಲ್ಲಿ ಶಿಮೋಡಾ ಬಂದರಿನಲ್ಲಿ ಪೆರಿ ಎಂಬ ಅಧಿಕಾರಿಯ ಅಮೆರಿಕನ್ ನೌಕಾಪಡೆಯವರು ಇದನ್ನು ನೋಡಿ ಹೌಹಾರಿದರು. ಪಶ್ಚಿಮದವರ ಮುಂದೆ ಮಾನ ಹೋಗಬಾರದು ಅಂತ ಆಮೇಲೆ ಬಂದ ಮೇಜಿ ಚಕ್ರವರ್ತಿಯ ಸರ್ಕಾರ ಬಿಗಿ ಮಾಡಿತು. ಹೊರಗಿನವರ ಕಣ್ಣಿಗೆ ಹೆದರಿ ನಮ್ಮಲ್ಲೂ ಎಷ್ಟೋ ಬದಲಾದವಲ್ವಾ.

ಬಣ್ಣದ ಡಬ್ಬಿ

ಗೋಡೆಯ ಮೇಲಿನ ಫುಜಿ ಬೆಟ್ಟದ ಬಗ್ಗೆ ಯಾರೂ ಬರೆಯಲಿಲ್ಲ. ಟೋಕಿಯೋ ಕಡೆಯ ಸೆಂತೊದಲ್ಲಿ ತೊಟ್ಟಿಯ ಹಿಂದಿನ ಗೋಡೆ ತುಂಬ ನೀಲಿ ಆಕಾಶ, ಫುಜಿ, ಪೈನ್ ಮರ, ನೀರು. 1912ರಲ್ಲಿ ಟೋಕಿಯೋದ ಕಾಂಡಾದ ಕಿಕಾಯಿ-ಯು ಎಂಬ ಸೆಂತೊದಲ್ಲಿ ಇದು ಶುರುವಾಯಿತು. ಮಕ್ಕಳು ಖುಷಿಯಿಂದ ಸ್ನಾನಕ್ಕೆ ಬರಲಿ ಅಂತ ಮಾಲೀಕರು ಚಿತ್ರ ಬರೆಸಿದರು. ಚಿತ್ರಕಾರ ಕವಾಗೋಯೆ ಕೋಶಿರೊ ಶಿಜುಒಕಾದವರು, ತಮ್ಮೂರಿನ ಬೆಟ್ಟವನ್ನೇ ಬರೆದರು.

ಕೆಲಸದ ರೀತಿ ನೋಡಿ. ಸೆಂತೊಗೆ ರಜೆ ಇರುವ ಒಂದೇ ದಿನದಲ್ಲಿ ಮುಗಿಯಬೇಕು. ಹಳೆಯ ಚಿತ್ರದ ಮೇಲೆಯೇ ಹೊಸದು. ಅಟ್ಟಣಿಗೆ ಹತ್ತಿ ಮೊದಲು ಆಕಾಶ, ಆಮೇಲೆ ಕೆಳಗೆ. ಕೆಂಪು, ನೀಲಿ, ಹಳದಿ, ಬಿಳಿ, ಈ ನಾಲ್ಕರಲ್ಲೇ ಬೇಕಾದ ಬಣ್ಣ ಎಲ್ಲ ಕಲೆಸಿಕೊಳ್ಳುತ್ತಾರೆ. ಮುಳುಗುವ ಸೂರ್ಯ ಬರೆಯುವುದಿಲ್ಲ, ಉದುರುವ ಮೇಪಲ್ ಎಲೆ ಬರೆಯುವುದಿಲ್ಲ. ವ್ಯಾಪಾರಕ್ಕೆ ಶುಭವಲ್ಲ ಅಂತ. ಹಿಂದೆ ಇದರ ಖರ್ಚನ್ನು ಜಾಹೀರಾತು ಏಜೆನ್ಸಿಗಳು ಕೊಡುತ್ತಿದ್ದವು. ಚಿತ್ರದ ಕೆಳಗೆ ಬೀದಿಯ ಅಂಗಡಿಗಳ ಫಲಕ ಇರುತ್ತಿತ್ತು. ಜನ ಕಡಿಮೆಯಾದರು, ಜಾಹೀರಾತು ನಿಂತಿತು, ಬಣ್ಣ ಹಚ್ಚುವವರಿಗೆ ಕೆಲಸ ಹೋಯಿತು. ಇವತ್ತು ಈ ಕಸುಬಿನವರು ಬೆರಳೆಣಿಕೆಯಷ್ಟು. ಮರುಯಾಮಾ ಕಿಯೋತೊ 1935ರಲ್ಲಿ ಹುಟ್ಟಿದವರು, ನಕಾಜಿಮಾ ಮೊರಿಯೊ 1945ರಲ್ಲಿ. ನಕಾಜಿಮಾ ಅವರ ಹತ್ತಿರ ಕಲಿತ ತನಾಕಾ ಮಿಜುಕಿ ಎಂಬ ಹೆಣ್ಣುಮಗಳು ಈಗ ಏಣಿ ಹತ್ತಿದ್ದಾರೆ. ನನಗೆ ಅದು ದೊಡ್ಡ ಸಮಾಧಾನ.

ಕಟ್ಟಡವೂ ಹಾಗೇ. 1923ರ ಭೂಕಂಪದಲ್ಲಿ ಟೋಕಿಯೋ ಸುಟ್ಟುಹೋದ ಮೇಲೆ ದೇಗುಲ ಕಟ್ಟುವ ಬಡಗಿಗಳ ಕೈಯಲ್ಲಿ ಸೆಂತೊ ಕಟ್ಟಿಸಿದರು. ಹೊರಗಿನಿಂದ ನೋಡಿದರೆ ಗುಡಿಯೇ ಅನ್ನಿಸುವ ಬಾಗಿದ ಮಾಡು. ಊರೆಲ್ಲ ಬೂದಿಯಾದಾಗ ದಿನಗೂಲಿಯವರು ಮೀಯುವ ಜಾಗಕ್ಕೆ ಅಷ್ಟು ಚಂದದ ಮಾಡು ಹಾಕಿದ ಜನರ ಬಗ್ಗೆ ನನಗೆ ಗೌರವ. ಇನ್ನು ಹಳದಿ ಪ್ಲಾಸ್ಟಿಕ್ ಬೇಸಿನ್. ತಳದಲ್ಲಿ ಕೆಂಪಕ್ಷರದಲ್ಲಿ ಕೆರೋರಿನ್ ಎಂಬ ನೋವಿನ ಔಷಧಿಯ ಜಾಹೀರಾತು, 1963ರಿಂದ ಇದೆ. ಒಸಾಕಾ ಕಡೆ ಇದು ಸ್ವಲ್ಪ ಚಿಕ್ಕದು. ಅಲ್ಲಿಯವರು ತೊಟ್ಟಿಯಿಂದಲೇ ನೀರು ಮೊಗೆದು ಹೊಯ್ದುಕೊಳ್ಳುತ್ತಾರೆ, ದೊಡ್ಡದಾದರೆ ಭಾರ.

ಬೀದರ್ ಕೋಟೆ

ಎಲ್ಲ ಓದಿದೆ. ಒಂದು ಗಂಭೀರ ವಿಷಯ ಹೇಳಬೇಕು.

ನಮ್ಮ ಬೀದರ್ ಕೋಟೆಯ ಮ್ಯೂಸಿಯಂ ಇರುವುದು ಹಳೆಯ ಶಾಹಿ ಹಮ್ಮಾಮಿನ ಕಟ್ಟಡದಲ್ಲಿ. ಅದು ಅರಮನೆಯವರ ಸ್ನಾನದ ಮನೆ, ಊರಿನವರದ್ದಲ್ಲ. ಊರಿನ ಹಂಚಿಕೊಂಡ ನೀರು ನಮ್ಮಲ್ಲಿ ಕೆರೆ, ಬಾವಿ, ಹೊಳೆಯ ಮೆಟ್ಟಿಲು. ಅದು ಎಲ್ಲರದ್ದಾಗಿತ್ತಾ? ಇರಲಿಲ್ಲ. 1927ರ ಮಾರ್ಚ್‌ನಲ್ಲಿ ಮಹಾಡಿನ ಚವದಾರ್ ಕೆರೆಯ ನೀರು ಮುಟ್ಟಲು ಅಂಬೇಡ್ಕರರು ಸಾವಿರಾರು ಜನರನ್ನು ಕರೆದುಕೊಂಡು ಹೋಗಬೇಕಾಯಿತು. ಮುಟ್ಟಿದ ಮೇಲೆ ಮೇಲ್ಜಾತಿಯವರು ಕೆರೆಯನ್ನು 'ಶುದ್ಧಿ' ಮಾಡಿದರು. ಬೆಣ್ಣೆದೋಸೆ ಸರ್, ನೀವು ಆರೋಗ್ಯದ ದೃಷ್ಟಿಯಿಂದಲೇ ಕೇಳಿದ್ದು ಅಂತ ಗೊತ್ತು. ಆದರೆ "ಅವರು ಕೂತ ನೀರಿನಲ್ಲಿ ನಾವು ಕೂರುವುದಾ" ಎಂಬ ಮಾತು ನಮ್ಮಲ್ಲಿ ಬರೀ ಆರೋಗ್ಯದ ಮಾತಾಗಿ ಎಂದೂ ಇರಲಿಲ್ಲ.

ಜಪಾನೂ ಚೊಕ್ಕ ಅಲ್ಲ. ಚರ್ಮದ ಕೆಲಸ, ಕಸಾಯಿ ಕೆಲಸ ಮಾಡುತ್ತಿದ್ದವರ ವಂಶದವರನ್ನು ಬುರಾಕುಮಿನ್ ಅಂತ ದೂರ ಇಟ್ಟಿದ್ದರು. ಸ್ನಾನದ ಮನೆಯ ಬಾಗಿಲಲ್ಲೂ ಅವರಿಗೆ ಅವಮಾನ ಆಗಿದೆ. 1922ರಲ್ಲಿ ಕ್ಯೋತೊದಲ್ಲಿ ಅವರು ಸುಯಿಹೇಶಾ ಎಂಬ ಸಂಘಟನೆ ಕಟ್ಟಿ ಎದ್ದು ನಿಂತರು. ಮಹಾಡಿಗಿಂತ ಐದು ವರ್ಷ ಮುಂಚೆ. ಮೊನ್ನೆ ಮೊನ್ನೆಯ ಕಥೆಯೂ ಇದೆ. ಹೊಕ್ಕಾಯಿಡೊದ ಒತಾರುವಿನಲ್ಲಿ ಒಂದು ಸ್ನಾನಗೃಹ ವಿದೇಶಿಯರಿಗೆ ಪ್ರವೇಶ ಇಲ್ಲ ಅಂದಿತು. ಜಪಾನಿನ ಪೌರತ್ವ ಪಡೆದವರನ್ನೂ ಬಣ್ಣ ನೋಡಿ ತಡೆಯಿತು. 2002ರಲ್ಲಿ ಸಪ್ಪೊರೊ ಜಿಲ್ಲಾ ಕೋರ್ಟು ಇದು ಜನಾಂಗ ಭೇದ ಅಂತ ಹೇಳಿ, ದಾವೆ ಹೂಡಿದ ಮೂವರಿಗೂ ತಲಾ 10 ಲಕ್ಷ ಯೆನ್ ಪರಿಹಾರ ಕೊಡಿಸಿತು.

ಇಷ್ಟೆಲ್ಲ ಆದಮೇಲೂ ನಾನು ಸೆಂತೊ ಪರ. ಗೊತ್ತಿಲ್ಲದವರ ಪಕ್ಕ, ಬಟ್ಟೆ, ವಾಚು, ಉಂಗುರ ಏನೂ ಇಲ್ಲದೆ, ಒಂದೇ ದರ ಕೊಟ್ಟು ಒಂದೇ ನೀರಿನಲ್ಲಿ ಕೂರುವ ಜಾಗ ಊರಿಗೆ ಒಂದಾದರೂ ಇರಬೇಕು. ನಮ್ಮಲ್ಲಿ ಅಂಥದ್ದು ಬೆಳೆಯಲಿಲ್ಲ ಎಂಬುದು ನನಗೆ ನೋವಿನ ವಿಷಯ. ಅದಕ್ಕೇ ಇರುವ ಕಡೆ ಉಳಿಯಲಿ ಅನ್ನುತ್ತೇನೆ.

ಬೆಣ್ಣೆದೋಸೆ ದಾವಣಗೆರೆ

ನಿಮ್ಮ ಮಾತು ಮನಸ್ಸಿಗೆ ತಟ್ಟಿತು ಸರ್. ನಾನು ಆ ಅರ್ಥದಲ್ಲಿ ಕೇಳಿದ್ದಲ್ಲ ಎಂದು ನೀವೇ ಹೇಳಿದ್ದೀರಿ. ಆದರೂ ಆ ಹೇಸಿಗೆ ಎಲ್ಲಿಂದ ಬಂತು ಅಂತ ಯೋಚಿಸುವ ಹಾಗೆ ಮಾಡಿದಿರಿ. ಒಂದು ಪ್ರಶ್ನೆ: ಹಚ್ಚೆ ಇದ್ದರೆ ಬಿಡುವುದಿಲ್ಲ ಅಂತಾರಲ್ಲ? ನನ್ನ ಅಜ್ಜಿಯ ಕೈತುಂಬ ಹಚ್ಚೆ ಇತ್ತು.

ನಿಶಿ-ಕಸಾಯಿ ನೀರುಗಂಟಿ

ಬಹಳಷ್ಟು ಒನ್ಸೆನ್‌ಗಳು, ಸೂಪರ್ ಸೆಂತೊಗಳು ಬಿಡುವುದಿಲ್ಲ. ಜಪಾನಿನಲ್ಲಿ ಹಚ್ಚೆ ಅಂದರೆ ಯಾಕುಜಾ ಗ್ಯಾಂಗುಗಳ ನೆನಪು. ಬೀದಿಯ ಸೆಂತೊಗಳಲ್ಲಿ ಹೆಚ್ಚಿನವು ಬಿಡುತ್ತವೆ. ಎಲ್ಲರ ದಿನದ ಸ್ನಾನಕ್ಕೆ ಅಂತ ಇರುವ ಜಾಗ ಅದು. ಸಾಮಾನ್ಯ ಸೆಂತೊಗೂ ದುಬಾರಿ ಸ್ನಾನ ಕೇಂದ್ರಕ್ಕೂ ಇರುವ ವ್ಯತ್ಯಾಸ ಇಲ್ಲಿ ಚೆನ್ನಾಗಿ ಕಾಣುತ್ತದೆ.

ಇನ್ನೊಂದು ಸೇರಿಸುತ್ತೇನೆ. 2024ರ ಜನವರಿ 1ರಂದು ನೋತೊ ದ್ವೀಪಕಲ್ಪದಲ್ಲಿ 7.6ರ ಭೂಕಂಪ ಆಯಿತು. ಸುಜು ಊರಿನಲ್ಲಿ ನಲ್ಲಿ ನೀರು ತಿಂಗಳುಗಟ್ಟಲೆ ಇರಲಿಲ್ಲ. ಅಲ್ಲಿನ ಸಮುದ್ರ ದಂಡೆಯ ಅಮಿದಾ-ಯು ಎಂಬ ಸೆಂತೊ ಅದೇ ತಿಂಗಳು ಮತ್ತೆ ಬಾಗಿಲು ತೆರೆಯಿತು. ಮನೆ ಕಳೆದುಕೊಂಡವರು ಸಾಲು ನಿಂತು ಮಿಂದರು. ಸೈನ್ಯದವರೂ ಡೇರೆ ಹಾಕಿ ಸ್ನಾನದ ವ್ಯವಸ್ಥೆ ಮಾಡಿದರು. ಆ ಡೇರೆಗೂ ಸೆಂತೊದ ಹಾಗೇ ಪರದೆ ಕಟ್ಟಿದ್ದರು. ಮನೆಯ ಬಚ್ಚಲು ಸಾಕು ಅನ್ನುವವರು ಮನೆಯೇ ಬಿದ್ದ ದಿನದ ಬಗ್ಗೆಯೂ ಯೋಚಿಸಬೇಕು.

ತಾಂಪೆರೆ ಚಳಿ

ಫಿನ್‌ಲೆಂಡಿನಿಂದ ಬರೆಯುತ್ತಿದ್ದೇನೆ. ಇಲ್ಲೂ ಇದೇ ಕಥೆ ನಡೆದಿದೆ. ಅಪಾರ್ಟ್‌ಮೆಂಟುಗಳಲ್ಲೇ ಸೌನಾ ಬಂದ ಮೇಲೆ ಬೀದಿಯ ಸೌನಾಗಳು ಒಂದೊಂದಾಗಿ ಮುಚ್ಚಿದವು. ನಮ್ಮ ತಾಂಪೆರೆಯ ಪಿಸ್ಪಲಾದಲ್ಲಿ ರಾಯಪೊರ್ತ್ತಿ ಎಂಬುದು ಉಳಿದಿದೆ. 1906ರದ್ದು. ಈಗ ನಡೆಯುತ್ತಿರುವ ಸಾರ್ವಜನಿಕ ಸೌನಾಗಳಲ್ಲಿ ದೇಶದಲ್ಲೇ ಹಳೆಯದು. ಹೇಗೆ ಉಳಿಯಿತು ಅಂದರೆ, ಕಟ್ಟಡ ನಗರಸಭೆಯದ್ದು, ನಡೆಸುವುದು ಬಡಾವಣೆಯವರ ಸಂಘ. ಒಂದು ಕುಟುಂಬದ ಹೆಗಲ ಮೇಲೆ ಭಾರ ಇಲ್ಲ. 2020ರಲ್ಲಿ ಯುನೆಸ್ಕೊ ಫಿನ್‌ಲೆಂಡಿನ ಸೌನಾ ಸಂಸ್ಕೃತಿಯನ್ನು ಪರಂಪರೆಯ ಪಟ್ಟಿಗೆ ಸೇರಿಸಿತು. ಆದರೆ ಒಲೆಗೆ ಸೌದೆ ತರುವುದು ಪಟ್ಟಿ ಅಲ್ಲ, ಸಂಘ. ಕನ್ನಡತಿ ಮೇಡಂ, ನಿಮ್ಮ ವಾರ್ಡು ಕಟ್ಟಡ ಕೊಳ್ಳಲು ಸಾಧ್ಯವಾ ಅಂತ ಕೇಳಿದ್ದೀರಾ?

ಕಿತಾ-ಕು ಕನ್ನಡತಿ

ಕೇಳಿದ್ದೇವೆ. ನಮ್ಮ ಸೆಂತೊಗೆ ಹೊತ್ತು ಮೀರಿದೆ, ಜಾಗದ ಮಾತು ಮುಗಿದಿದೆ. ಆದರೆ ಈ ಚರ್ಚೆಯಿಂದ ಒಂದು ಸ್ಪಷ್ಟವಾಯಿತು. ಮುಚ್ಚುವ ಚೀಟಿ ಅಂಟಿಸಿದ ಮೇಲೆ ಸೇರಿದರೆ ಆಗುವುದಿಲ್ಲ. ಮಾಲೀಕರಿಗೆ ಎಪ್ಪತ್ತು ಆದಾಗಲೇ ಮುಂದೆ ಯಾರು ಅಂತ ಮಾತು ಶುರುವಾಗಬೇಕು.

ದಾರಿ ಇದೆ ಅಂತ ತೋರಿಸಿದವರೂ ಇದ್ದಾರೆ. ಕ್ಯೋತೊದಲ್ಲಿ ಮುಚ್ಚಲಿದ್ದ ಉಮೆ-ಯು ಸೆಂತೊವನ್ನು 2015ರಲ್ಲಿ ಇಪ್ಪತ್ತರ ಹರೆಯದ ಮಿನಾತೊ ಸಂಜಿರೊ ವಹಿಸಿಕೊಂಡರು. ಸಂಬಂಧಿ ಅಲ್ಲ, ವಾರಸುದಾರ ಅಲ್ಲ. ಈಗ ಅವರ ತಂಡ ಇನ್ನೂ ಹಲವು ಸೆಂತೊಗಳನ್ನು ಮಾಲೀಕರಿಂದ ಪಡೆದು ನಡೆಸುತ್ತಿದೆ. ಟೋಕಿಯೋದ ಕೋಎಂಜಿಯಲ್ಲಿ 1933ರ ಕೊಸುಗಿ-ಯು ಇದೆ. ಅಲ್ಲಿ ಹರೆಯದವರು ಕಿಕ್ಕಿರಿದಿರುತ್ತಾರೆ. 2024ರಲ್ಲಿ ಹರಾಜುಕುವಿನ ಹೊಸ ಮಾಲ್‌ನಲ್ಲೂ ಒಂದು ಶಾಖೆ ತೆರೆದರು. ನಮ್ಮ ಕಿತಾ ವಾರ್ಡಿನ ಇನಾರಿ-ಯು 1930ರದ್ದು. ಅದನ್ನು ಹಳೆಯ ಕಟ್ಟಡಗಳನ್ನು ಉಳಿಸುವ ಸಂಸ್ಥೆ ವರ್ಲ್ಡ್ ಮಾನ್ಯುಮೆಂಟ್ಸ್ ಫಂಡ್ 2020ರ ತನ್ನ ಕಾಳಜಿಯ ಪಟ್ಟಿಗೆ ಸೇರಿಸಿತು. ಪಕ್ಕದ ಹಳೇ ಸಾಲುಮನೆಯನ್ನು ರಿಪೇರಿ ಮಾಡಿ, ಸ್ನಾನ ಮುಗಿಸಿ ಬಂದವರು ಕೂತು ಮಾತಾಡುವ ಜಾಗ ಮಾಡಿದ್ದಾರೆ. ಲೆಕ್ಕದ ಪುಸ್ತಕ ಸರ್, ಇವೆಲ್ಲ ಅದೇ ಸರ್ಕಾರಿ ದರದಲ್ಲಿ ಸ್ನಾನ ಕೊಡುತ್ತಿವೆ.

ಲೆಕ್ಕದ ಪುಸ್ತಕ

ಹೌದು, ಆದರೆ ಹಾಲು, ಬಿಯರು, ಟೀ-ಶರ್ಟು, ಸೌನಾ ಶುಲ್ಕ ಇವುಗಳ ಆದಾಯ ಸೇರಿಸಿಕೊಂಡು. ಸೌನಾಕ್ಕೆ ಬೇರೆ ದುಡ್ಡು ಹಾಕಬಹುದು, ಅದಕ್ಕೆ ಮಿತಿ ಇಲ್ಲ. ಎಪ್ಪತ್ತೈದರ ದಂಪತಿಗೆ ಅದನ್ನೆಲ್ಲ ಶುರು ಮಾಡಿ ಅಂದರೆ ಆಗದು. ಟೋಕಿಯೋದ ಸೆಂತೊ ಮಾಲೀಕರಲ್ಲಿ ಬಹಳ ಜನ ಇಶಿಕಾವಾ, ತೊಯಾಮಾ, ನೀಗಾತಾ ಕಡೆಯಿಂದ ಬಂದು, ಒಬ್ಬರನ್ನೊಬ್ಬರು ಕರೆಸಿಕೊಂಡು ಬೆಳೆದವರು. ಆ ಸರಪಳಿ ಈಗ ಕಡಿದಿದೆ. ಹೊಸ ಸರಪಳಿ ಬೇಕು, ಅದನ್ನು ನಾನೂ ಒಪ್ಪುತ್ತೇನೆ. ದರದ ಬಗ್ಗೆ ಮಾತ್ರ ನನ್ನ ಅಭಿಪ್ರಾಯ ಬದಲಾಗಿಲ್ಲ.

ಹಾಸನದ ಸೊಸೆ

ಎಲ್ಲರಿಗೂ ನಮಸ್ಕಾರ. ನಾವು ಮುಂದಿನ ತಿಂಗಳು ಟೋಕಿಯೋಗೆ ಬರುತ್ತಿದ್ದೇವೆ. ಅತ್ತೆಯವರೂ ಬರುತ್ತಾರೆ, ಅವರಿಗೆ ಮಂಡಿ ನೋವು, ಬಿಪಿ ಇದೆ. ಸೆಂತೊ ನೋಡಬೇಕು ಅಂತ ನನಗೆ ಆಸೆ. ಅವರು ಬಟ್ಟೆ ತೆಗೆದು ಒಳಗೆ ಬರುವುದು ಕಷ್ಟ. ಏನು ಮಾಡಬಹುದು?

ಮಲೆನಾಡ ಅಮ್ಮ

ಅತ್ತೆಯವರನ್ನು ಒತ್ತಾಯ ಮಾಡಬೇಡಿ. ಕೊಗಾನೆಯಿಯಲ್ಲಿ ಎದೊ-ಟೋಕಿಯೋ ಬಯಲು ಕಟ್ಟಡ ಮ್ಯೂಸಿಯಂ ಇದೆ. ಅಲ್ಲಿ 1929ರ ಕೊದಾಕರಾ-ಯು ಎಂಬ ಸೆಂತೊವನ್ನು ಪೂರ್ತಿ ತಂದು ಮತ್ತೆ ಕಟ್ಟಿ ನಿಲ್ಲಿಸಿದ್ದಾರೆ. ನೀರಿಲ್ಲ, ಬಟ್ಟೆ ಹಾಕಿಕೊಂಡೇ ಗಂಡಸರ ಕಡೆ, ಹೆಂಗಸರ ಕಡೆ ಎರಡೂ ನೋಡಬಹುದು. ಮಧ್ಯದಲ್ಲಿ ಗಲ್ಲಾದವರು ಎತ್ತರದಲ್ಲಿ ಕೂರುವ ಬಾಂದಾಯಿಯೂ ಇದೆ. ಫುಜಿಯೂ ಇದೆ. ಅಲ್ಲಿಗೆ ಎಲ್ಲರೂ ಹೋಗಿ.

ನೀವು ಮೀಯಲು ಹೋಗುವುದಾದರೆ ಮಧ್ಯಾಹ್ನ ಬಾಗಿಲು ತೆಗೆದ ಕೂಡಲೇ ಹೋಗಿ. ನೀರು ಹೊಸದಿರುತ್ತದೆ, ವಯಸ್ಸಾದ ಹೆಂಗಸರು ಇರುತ್ತಾರೆ, ತಿಳಿಯದ್ದನ್ನು ಕೈಸನ್ನೆಯಲ್ಲೇ ಹೇಳಿಕೊಡುತ್ತಾರೆ. ಹೊಟ್ಟೆ ತುಂಬ ಉಂಡು ಇಳಿಯಬೇಡಿ. ಮೊದಲು ಕಾಲಿಗೆ, ಆಮೇಲೆ ಸೊಂಟಕ್ಕೆ ಬಿಸಿನೀರು ಹೊಯ್ದುಕೊಂಡು ಮೈ ಒಗ್ಗಿಸಿಕೊಳ್ಳಿ. ಮೂರ್ನಾಲ್ಕು ನಿಮಿಷ ಸಾಕು, ಎದ್ದು ಬಂದು ಕೂತು ಮತ್ತೆ ಇಳಿಯಬಹುದು. ಬಟ್ಟೆ ಬದಲಿಸುವ ಕೋಣೆಗೆ ಬರುವ ಮುಂಚೆ ಮೈ ಒರೆಸಿಕೊಂಡು ಬನ್ನಿ, ನೆಲ ಒದ್ದೆ ಮಾಡಿದರೆ ಅವರಿಗೆ ಬೇಜಾರು. ಟವೆಲು ಬಾಡಿಗೆಗೆ ಸಿಗುತ್ತದೆ. ಕಾರ್ಡು ತೆಗೆದುಕೊಳ್ಳದ ಕಡೆಗಳು ಇನ್ನೂ ಇವೆ, ಚಿಲ್ಲರೆ ಇಟ್ಟುಕೊಂಡಿರಿ. ಯಾವ ಕಡೆ ಉಳಿದುಕೊಳ್ಳುತ್ತೀರಿ ಅಂತ ಹೇಳಿದರೆ ಹತ್ತಿರದ್ದು ಯಾವುದು ಅಂತ ನೋಡಿ ಹೇಳುತ್ತೇನೆ.